ಎರಡು ಬೆರಳಿನ ಅಂತರ

ಕುಂಟು ಅಂತ ಈ ಸಾಫ್ಟ್‌ವೇರಿಗೇನು ಗೊತ್ತು ಮೇಡಂ, ಎಲ್ಲೋ ತಪ್ಪಾಗಿದೆ ಅಂದ್ಕೊಂಡು ತಾನೇ ತಿದ್ದಿಬಿಟ್ಟಿದೆ, ಎನ್ನುತ್ತಾನೆ ಕಂಪ್ಯೂಟರಿನ ಮುಂದೆ ಕೂತ ತಂತ್ರಜ್ಞ, ಹಲ್ಲಿನಲ್ಲಿ ವೈರು ಕಚ್ಚಿಕೊಂಡು, ನೀವೂ ಗಮನಿಸಿರಲಿಲ್ವಾ, ಇಲ್ಲವೆಂದು ತಲೆಯಾಡಿಸುತ್ತಾಳೆ ಅವಳು, ಸುಳ್ಳು, ಎಂಟು ದಿನದಿಂದ ಗೊತ್ತು — ಗ್ಯಾಲರಿಯ ಗೋಡೆಯುದ್ದಕ್ಕೂ ಬೆಳಕಿನ ಚುಕ್ಕಿಗಳಾಗಿ ಅಕ್ಕ ನಡೆದು ಬರುತ್ತಿದ್ದಾಳೆ, ಮುಖವಿಲ್ಲ, ಬಟ್ಟೆಯಿಲ್ಲ, ಬರೀ ನಡಿಗೆ, ನೀರು ಹರಿದ ಹಾಗೆ, ಬಲ ಹಿಮ್ಮಡಿ ಪೂರ್ತಿ ನೆಲಕ್ಕೆ ಊರುತ್ತಿದೆ, ಊರಬಾರದು ಅದು, ನೆಲಕ್ಕೂ ಅದಕ್ಕೂ ನಡುವೆ ಎರಡು ಬೆರಳು ಅಂತರ ಇರಬೇಕು, ಹುಟ್ಟಿದಾಗಿನಿಂದ ಇದ್ದದ್ದು. ಮೂರು ತಿಂಗಳ ಹಿಂದೆ ಅಕ್ಕನಿಗೆ ಕಪ್ಪು ಬಿಗಿ ಉಡುಪು ತೊಡಿಸಿ, ಮೈಗೆಲ್ಲ ಬಿಳಿ ಗುಂಡುಗಳನ್ನು ಅಂಟಿಸಿ, ನಡಿಗೆಯನ್ನು ಸೆರೆಹಿಡಿಯುವ ಹನ್ನೆರಡು ಕ್ಯಾಮೆರಾಗಳ ನಡುವೆ ನಡೆಸಿದ್ದಳು, ಯಾವನೇ ಇದನ್ನ ಹೊಲಿದಿದ್ದು, ಕೂತರೆ ಹರಿಯುತ್ತೆ, ನನ್ನ ಅಂಗಡಿಗೆ ಕಳಿಸು ಅವನನ್ನ, ಎಂದು ನಗುತ್ತಲೇ ನಲವತ್ತು ಸಲ ನಡೆದಳು ಮಾರಾಯ್ತಿ, ನೋವು ಎನ್ನಲಿಲ್ಲ. ಚಿಕ್ಕಂದಿನಲ್ಲಿ ಜ್ವರ ಬಂದು ಕಣ್ಣು ಮುಚ್ಚಿ ಮಲಗಿದ್ದರೂ ಟಪ್, ಆಮೇಲೆ ಸರ್ರ್, ಆ ಸದ್ದು ಕೇಳಿದರೆ ಸಾಕು, ಅಕ್ಕ ಬಂದಳು, ಇನ್ನು ಭಯವಿಲ್ಲ. ಅದೇ ನಡಿಗೆಯನ್ನು ಗೆಳತಿಯರ ಮುಂದೆ ನಡೆದು ತೋರಿಸಿ ನಗಿಸಿದ್ದೂ ತಾನೇ, ತಿರುಗಿದರೆ ಬಾಗಿಲಲ್ಲಿ ಅಕ್ಕ, ಬಯ್ಯಲಿಲ್ಲ, ಕಾಲು ತಪ್ಪು ಕಣೇ, ಅದು ಬಲಗಾಲು, ಎಂದಳು, ಅಷ್ಟೇ. ಆ ದಿನಕ್ಕೆ ಇದು ಉತ್ತರ ಅಂದುಕೊಂಡಿದ್ದಳಲ್ಲವೇ, ಈ ನಡಿಗೆ ಇನ್ನೊಬ್ಬರದಾಗಲಾರದು ಎಂದು ಬಾಗಿಲ ಬಳಿ ದೊಡ್ಡ ಅಕ್ಷರದಲ್ಲಿ ಬರೆಸಿದ್ದಾಳೆ, ಮತ್ತೇಕೆ ಎಂಟು ದಿನ ಬಾಯಿ ಬಿಡಲಿಲ್ಲ, ಚೆಂದ ಕಂಡಿತು, ಅದಕ್ಕೇ, ಅಕ್ಕನಿಗೆ ಒಂದು ದಿನವಾದರೂ ನೆಟ್ಟಗಿನ ಕಾಲು ಸಿಗಲಿ ಎಂದು ತನಗೆ ತಾನೇ ಹೇಳಿಕೊಂಡಳು, ಅದೂ ಸುಳ್ಳು, ಬರೀ ಚೆಂದ ಕಂಡಿತು. ಮೂಲದ್ದು ಇದೆ ಮೇಡಂ, ಹಾಕೋಕೆ ಎರಡು ದಿನ ಬೇಕು, ಇದು ಬೇಡ ಅಂದ್ರೆ ಈಗ್ಲೇ ಆರಿಸಿಬಿಡ್ತೀನಿ, ಜನ ಬರ್ತಿದ್ದಾರೆ, ಬೇಗ ಹೇಳಿ — ಆರಿಸಿದರೆ ಬರಿಗೋಡೆ, ಎರಡು ವರ್ಷದ ಕೆಲಸ ಬರಿಗೋಡೆ, ಹೊರಗೆ ಟಪ್, ಸರ್ರ್, ಟಪ್, ಇರಲಿ ಬಿಡಿ, ಎನ್ನುತ್ತಾಳೆ.

ಏನೇ ಇದು, ಇಷ್ಟು ಕತ್ತಲು, ಬಲ್ಬಿಗೂ ಬರಗಾಲವಾ, ಅಕ್ಕ ಬಂದೇಬಿಟ್ಟಳು, ಅಂಗಡಿ ಬೇಗ ಮುಚ್ಚಿ ಬಂದಿದ್ದಾಳೆ, ಭುಜದ ಮೇಲೆ ಹಸಿರು ದಾರದ ತುಣುಕು ಹಾಗೇ ಇದೆ, ಗೋಡೆಯನ್ನು ನೋಡುತ್ತಾಳೆ, ನೋಡುತ್ತಲೇ ಇರುತ್ತಾಳೆ, ಈಗ ಗುರುತು ಹಿಡಿಯುತ್ತಾಳೆ, ಈಗ ಬಯ್ಯುತ್ತಾಳೆ, ಬಯ್ಯಲಿ, ಒಮ್ಮೆಯಾದರೂ ಬಾಯ್ತುಂಬ ಬಯ್ಯಲಿ. ಎಷ್ಟು ಚೆನ್ನಾಗಿ ನಡೀತಾಳೇ ಇವಳು, ಯಾರು, ನಿನ್ನ ಸ್ನೇಹಿತೆಯಾ? ಹೇಳು, ಹೇಳಿಬಿಡು, ಅದು ನೀನೇ ಅಕ್ಕ ಎಂದು — ಎಂದರೆ ಏನಾಗುತ್ತದೆ ಆ ಮುಖ. ಸರಿ, ಗೋಡೆ ಮೇಲೆ ನಾನು ಯಾವಾಗ ಬರೋದು? ಇವಳಾದ ಮೇಲೆ, ಅಕ್ಕ. ಸ್ವಲ್ಪ ಸರ್ಕೊಳಿ, ಮುಂದೆ ನಾನೇ ಬರೋದು, ಎಂದು ಪಕ್ಕದವರಿಗೆ ಹೇಳಿ ಅಕ್ಕ ಬೆಂಚಿನ ಮೇಲೆ ಕೂರುತ್ತಾಳೆ, ಚುಕ್ಕಿಗಳು ಗೋಡೆಯ ಅಂಚು ತಲುಪಿ ಆರುತ್ತವೆ, ಅಕ್ಕನ ಕೈ ಕೂದಲು ನೇವರಿಸಿಕೊಳ್ಳುತ್ತದೆ, ಬೆನ್ನು ನೆಟ್ಟಗಾಗುತ್ತದೆ, ಅದೇ ಹೆಣ್ಣು ಮತ್ತೆ ಬರುತ್ತಾಳೆ, ನಡೆಯುತ್ತಾಳೆ, ಆರುತ್ತಾಳೆ, ಅಕ್ಕನ ಕೈ ಕೂದಲಿಗೆ ಹೋಗುತ್ತದೆ, ಮತ್ತೆ ಅವಳೇ ಬರುತ್ತಾಳೆ, ಆರುತ್ತಾಳೆ, ಕೂದಲು ನೇವರಿಸುವ ಆ ಕೈ, ಆ ಕೈ —