ಕಿವಿ ತಪ್ಪಿದಾಗ ಬಾಯಿ ತೆರೆಯಬೇಕು

ಬೆಳಗಿನ ಪಾಳಿ ಮುಗಿಸಿ ಬಂದ ಪುಟ್ಟಕ್ಕ ಊಟಕ್ಕೆ ಕೂತಳು, ಎರಡು ತುತ್ತು ತಿಂದಳು, ಕೈ ತೊಳೆದಳು. ಉಪ್ಪು ಹೆಚ್ಚಾಯಿತೇನೋ ಎಂದು ಅತ್ತೆ ಪಾತ್ರೆಯನ್ನೇ ಅನುಮಾನದಿಂದ ನೋಡಿದರು. ಇದು ಉಪ್ಪಿನ ಸಮಾಚಾರವಲ್ಲ ಎಂದು ಗಂಡನಿಗೆ ಮಾತ್ರ ಗೊತ್ತಾಯಿತು.

ಪುಟ್ಟಕ್ಕ ಎಂಬುದು ಜೊತೆಗಾರರು ಇಟ್ಟ ಹೆಸರು. ಆಳು ಕುಳ್ಳಿ, ಹೊಣೆ ದೊಡ್ಡದು. ಆಕಾಶದಲ್ಲಿರುವ ವಿಮಾನಗಳನ್ನು ಪರದೆಯ ಮೇಲೆ ನೋಡುತ್ತ, ರೇಡಿಯೋದಲ್ಲಿ ಪೈಲಟ್‌ಗಳಿಗೆ ಎತ್ತರ ದಿಕ್ಕು ಹೇಳಿ, ಒಂದಕ್ಕೊಂದು ಹತ್ತಿರ ಬಾರದಂತೆ ಕಾಯುವುದು ಅವಳ ಕೆಲಸ. ಅದರಲ್ಲಿ ಅವಳದು ಎತ್ತಿದ ಕೈ.

ಅಂದು ಪರದೆಯ ಮೇಲಿದ್ದ ಎರಡು ವಿಮಾನಗಳ ನಂಬರುಗಳು ಅವಳಿಜವಳಿಯಂತಿದ್ದವು. ಕೊನೆಯ ಎರಡು ಅಂಕಿ ಹಿಂದುಮುಂದು, ಅಷ್ಟೇ ವ್ಯತ್ಯಾಸ. ಅವಳು ಒಂದಕ್ಕೆ ಕೆಳಗಿಳಿಯಲು ಹೇಳಿದಳು. ಉತ್ತರ ಕೊಟ್ಟದ್ದು ಇನ್ನೊಂದು. ಪೈಲಟ್ ತನ್ನ ನಂಬರಿನೊಡನೆ ಮಾತನ್ನು ತಿರುಗಿ ಒಪ್ಪಿಸಬೇಕು, ಇವಳು ಅದನ್ನು ಕಿವಿಗೊಟ್ಟು ಕೇಳಬೇಕು. ಕೇಳಿದಳು ಕೂಡ. ಆದರೆ ಕಿವಿಗೆ ಬಿದ್ದದ್ದೇ ಒಂದು, ಮನಸ್ಸು ಕೇಳಿಸಿಕೊಂಡದ್ದೇ ಒಂದು. ಯಾರ ಉತ್ತರಕ್ಕೆ ಕಾದಿದ್ದಳೋ ಅವರೇ ಮಾತಾಡಿದಂತಾಗಿ, ಸರಿ ಅಂದುಬಿಟ್ಟಳು.

ಮತ್ತೆ ಪರದೆ ನೋಡಿದರೆ ಇಳಿಯಬಾರದ ವಿಮಾನ ಇಳಿಯುತ್ತಿದೆ. ಅದರ ಕೆಳಗೆ ಮೂರನೆಯದೊಂದು ಹಾಯುತ್ತಿದೆ. ದನಿ ನಡುಗದಂತೆ ನೋಡಿಕೊಂಡು, ಇಳಿಯುವುದನ್ನು ಅಲ್ಲಿಗೇ ನಿಲ್ಲಿಸಲು ಹೇಳಿ, ಅದನ್ನು ಪಕ್ಕಕ್ಕೆ ತಿರುಗಿಸಿದಳು. ಇರಬೇಕಾದ ಅಂತರ ಕೂದಲೆಳೆಯಲ್ಲಿ ಉಳಿಯಿತು. ಎಚ್ಚರಿಕೆಯ ಗಂಟೆ ಹೊಡೆಯಲಿಲ್ಲ. ಪಕ್ಕದ ಕುರ್ಚಿಯವರೂ ತಿರುಗಿ ನೋಡಲಿಲ್ಲ.

ಇಷ್ಟನ್ನೂ ಅವಳು ಮನೆಯಲ್ಲಿ ಹೇಳಿಕೊಂಡು, ನಾಳೆ ಆಫೀಸಿನಲ್ಲೂ ಹೇಳಿಬಿಡುತ್ತೇನೆ ಎಂದಳು. ಬೆಟ್ಟದ ಹಾಗೆ ಬಂದದ್ದು ಮಂಜಿನ ಹಾಗೆ ಕರಗಿತಲ್ಲ, ಬಿಡು ಎಂದರು ಅತ್ತೆ. ಆಸ್ಪತ್ರೆಯೊಂದರಲ್ಲಿ ಔಷಧಿ ಕೊಡುವ ಕೆಲಸದ ಗಂಡ ಬಾಗಿಲು ಮುಂದಕ್ಕೆ ಮಾಡಿ ಬಂದು ಕೂತ.

"ಯಾರೂ ಕೇಳ್ದೇ ಇರೋವಾಗ ನೀನಾಗೇ ಯಾಕೆ ಹೇಳ್ತೀಯ? ಹೋಗಿ ಹೋಗಿ ಹುಲಿ ಬಾಯಿಗೆ ತಲೆ ಕೊಡ್ತಾರಾ?"

"ನಾಳೆ ಆ ಕುರ್ಚೀಲಿ ಬೇರೆಯವ್ರು ಕೂರ್ತಾರೆ ಕಣ್ರೀ. ಅದೇ ಎರಡು ವಿಮಾನ ಬರ್ತವೆ," ಎಂದಳು ಪುಟ್ಟಕ್ಕ.

ಮಾರನೆಯ ದಿನ ಅವಳು ಮೇಷ್ಟ್ರ ಬಳಿ ಹೋದಳು. ಹಿಂದೆ ಅವಳಿಗೆ ಕೆಲಸ ಕಲಿಸಿದವರು, ಈಗ ಸುರಕ್ಷತೆಯ ವಿಭಾಗ ನೋಡಿಕೊಳ್ಳುವವರು. ಏನು ಹೇಳಿದರೂ 'ಎಷ್ಟು ಸಲ?' ಎಂದು ಕೇಳುವುದು ಅವರ ಚಾಳಿ. ಇಬ್ಬರೂ ಕೂತು ರೇಡಿಯೋ ಮಾತಿನ ಧ್ವನಿಮುದ್ರಣ ಕೇಳಿದರು. ತನ್ನದೇ 'ಸರಿ' ಕೇಳಿ ಪುಟ್ಟಕ್ಕನ ಮುಖ ಬಿಸಿಯಾಯಿತು. ವಿಚಾರಣೆ ಮುಗಿಯುವವರೆಗೆ ಪರದೆಯ ಮುಂದೆ ಕೂರುವುದು ಬೇಡ ಎಂದರು ಮೇಷ್ಟ್ರು. ಕ್ಯಾಂಟೀನಿನಲ್ಲಿ ಅವಳು ಬಂದೊಡನೆ ಇಬ್ಬರು ಮಾತು ನಿಲ್ಲಿಸಿದರು. ಹೇಳಿ ಕೆಟ್ಟೆನೇನೋ ಎಂದು ಅವಳಿಗೂ ಅನ್ನಿಸತೊಡಗಿತು.

ರಜೆಯ ದಿನ ಮೇಷ್ಟ್ರೇ ಮನೆಗೆ ಬಂದರು. ಗಂಡ ಮರ್ಯಾದೆಗೆ ಮೊದಲು ಚಹಾ ಕೊಟ್ಟು, ಆಮೇಲೆ ಜಗಳ ತೆಗೆದ. ನಿಜ ಹೇಳಿದವಳನ್ನೇ ಕೆಲಸದಿಂದ ದೂರ ಕೂರಿಸಿದರೆ ಇನ್ನು ಯಾರು ತಾನೇ ಬಾಯಿ ಬಿಡುತ್ತಾರೆ ಎಂದು ಕೇಳಿದ. ಪ್ರಶ್ನೆ ಸರಿಯಾಗಿದೆ ಎಂದು ಮೇಷ್ಟ್ರು ಒಪ್ಪಿಕೊಂಡರು. ಅದು ಶಿಕ್ಷೆಯಲ್ಲ, ಬೆಚ್ಚಿದ ಮನಸ್ಸಿಗೆ ಬಿಡುವು. ಆದರೆ ಅದನ್ನು ಬಿಡಿಸಿ ಹೇಳದೆ ಹೋದದ್ದು ತಮ್ಮದೇ ತಪ್ಪು ಎಂದರು.

"ಕುಡಿದು ಬಂದು ಕೂತ್ರೆ, ಬೇಕೂಂತ ನಿಯಮ ಮೀರಿದ್ರೆ ಶಿಕ್ಷೆ ಇದ್ದೇ ಇದೆ. ಕಿವಿ ತಪ್ಪಿದ್ದಕ್ಕೆ ಶಿಕ್ಷೆ ಕೊಟ್ರೆ ಕಿವಿ ಸರಿಹೋಗಲ್ಲಪ್ಪ, ಬಾಯಿ ಮುಚ್ಚಿಹೋಗುತ್ತೆ."

ಜ್ವರ ಅಳೆಯದೆ ಔಷಧಿ ಕೊಡುವುದುಂಟೇ ಎಂದು ಅವರು ಕೇಳಿದರು. ತಪ್ಪೂ ಹಾಗೆಯೇ. ಯಾವ ಕೆಲಸದಲ್ಲಿ, ಯಾವ ಹೊತ್ತಿನಲ್ಲಿ, ಎಷ್ಟು ಸಲ ಆಗುತ್ತದೆ ಎಂದು ಎಣಿಸಬೇಕು. ಏನೂ ಅನಾಹುತವಾಗದ ದಿನಗಳ ಧ್ವನಿಮುದ್ರಣವನ್ನೂ, ಮಾತಾಡಿದವರು ಯಾರೆಂದು ಹೆಸರು ಹಿಡಿಯದೆ, ಕೇಳಿ ನೋಡಬೇಕು. ತಪ್ಪಿನ ವರದಿ ಒಂದೂ ಬರದ ಕಡೆ ತಪ್ಪೇ ಇಲ್ಲವೆಂದಲ್ಲ, ಹೇಳುವವರಿಲ್ಲವೆಂದು ಅರ್ಥ.

"ನಿಮ್ಮ ಆಸ್ಪತ್ರೇಲಿ ನೋಡೋಕೆ ಒಂದೇ ತರ ಇರೋ ಎರಡು ಔಷಧಿ ಇಲ್ವಾ?"

ಗಂಡ ಹೇಳಿದ: "ಇವೆ. ಅಕ್ಕಪಕ್ಕದಲ್ಲೇ ಇವೆ."

"ಕೈ ತಪ್ಪಿ ಒಂದರ ಬದ್ಲು ಇನ್ನೊಂದು ತೆಗೆದು, ಥಟ್ಟನೆ ವಾಪಸ್ ಇಟ್ಟಿದ್ದು ಎಷ್ಟು ಸಲ?"

ಅವನು ಬೆರಳು ಮಡಿಸಿ ಎಣಿಸತೊಡಗಿದ. ಅತ್ತೆ, "ನನ್ನ ಮಾತ್ರೇನೂ ಅಲ್ಲಿಂದ್ಲೇ ಬರೋದು ಕಣೋ," ಎಂದರು.

ಮುಂದಿನ ವಾರವೇ ಆ ಎರಡು ಔಷಧಿ ಬೇರೆ ಬೇರೆ ಕಪಾಟು ಸೇರಿದವು. ಅದಕ್ಕೂ ಮೊದಲು ಅವನು ಜೊತೆಯವರನ್ನು ಕೂರಿಸಿಕೊಂಡು, ತನ್ನ ಕೈ ತಪ್ಪಿದ್ದನ್ನು ತಾನೇ ಹೇಳಿದ್ದ.

ಪುಟ್ಟಕ್ಕ ಕೆಲಸಕ್ಕೆ ಮರಳಿದಳು. ವಿಮಾನ ಸಂಸ್ಥೆಯವರು ಆ ಎರಡರಲ್ಲಿ ಒಂದರ ನಂಬರು ಬದಲಿಸಿದ್ದರು. ಎಡೆಬಿಡದೆ ಪರದೆ ನೋಡುವ ಅವಧಿಯನ್ನೂ ಮೊಟಕು ಮಾಡಿದ್ದರು. ಅವಳು ಕುರ್ಚಿ ಎಳೆದುಕೊಳ್ಳುವಾಗ ಹಿರಿಯ ಸಹೋದ್ಯೋಗಿಯೊಬ್ಬರು ಹತ್ತಿರ ಬಂದರು. ದೊಡ್ಡ ಗಂಟಲಿನಿಂದಾಗಿ ಎಲ್ಲರೂ 'ಗುಡುಗು' ಎಂದು ಕರೆಯುತ್ತಿದ್ದ ಆಸಾಮಿ. ಅಂದು ಅವರ ದನಿ ಪಕ್ಕದವರಿಗೂ ಕೇಳದಷ್ಟು ತಗ್ಗಿತ್ತು.

"ಆ ನಂಬರು ನಂಗೂ ಅದಲುಬದಲಾಗಿತ್ತಮ್ಮ, ನಿನಗಿಂತ ಮುಂಚೇನೇ. ನಾನವತ್ತೇ ಹೇಳಿದ್ದಿದ್ರೆ ನಿನಗೆ ಹೀಗಾಗ್ತಿರಲಿಲ್ಲ."

ಪುಟ್ಟಕ್ಕ ಕುರ್ಚಿ ಬಿಟ್ಟು ಅವರತ್ತ ತಿರುಗಿದಳು. "ಈಗ ಮೇಷ್ಟ್ರಿಗೆ ಹೇಳಿ ಸಾರ್. ಎಣಿಸ್ಕೋತಾರೆ," ಎಂದಳು. ಅವರು ತಲೆಯಾಡಿಸಿ ಮೇಷ್ಟ್ರ ಕೋಣೆಯ ಕಡೆಗೆ ನಡೆದರು.

ಓದುತ್ತಿರುವ ಅಕ್ಕ ಅಣ್ಣಂದಿರೇ, ನೀವು ವಿಮಾನಗಳಿಗೆ ದಾರಿ ಹೇಳುವವರೇ ಆಗಬೇಕಿಲ್ಲ. ಬಸ್ಸು ಓಡಿಸುವವರಿರಬಹುದು, ಯಂತ್ರದ ಮುಂದೆ ನಿಲ್ಲುವವರಿರಬಹುದು, ಸೂಜಿ ಚುಚ್ಚುವವರಿರಬಹುದು. ಕೈ ತಪ್ಪಿ, ಏನೂ ಆಗದೆ ಪಾರಾದ ದಿನ ನಿಟ್ಟುಸಿರು ಬಿಟ್ಟು ಸುಮ್ಮನಾಗಬೇಡಿ. ಅಂದೇ ಹೇಳಿ. ನೀವು ಮೇಲಿನವರಾಗಿದ್ದರೆ, ಹೇಳಲು ಬಂದವರನ್ನು ಗದರಬೇಡಿ. ಮೊದಲು ಕೂರಲು ಕುರ್ಚಿ ಕೊಡಿ.