ಕರಿಮಡುವಿನ ಚಾಚಾ

ನನ್ನ ತಮ್ಮ ಸರ್ದಾರನ ನಾಲಿಗೆಗೆ ಎಲುಬಿಲ್ಲ. ಬೇಕಾದರೆ ಜೇವರ್ಗಿಯಲ್ಲಿ ಯಾರನ್ನಾದರೂ ಕೇಳಿ.

ನಮ್ಮೂರ ಹತ್ತಿರ ಭೀಮಾ ನದಿಯ ಕರಿಮಡುವಿನಲ್ಲಿ ಆಳುದ್ದದ ಒಂದು ಬಾಳೆಮೀನಿತ್ತು. ಬಾಯಿಯ ಎರಡೂ ಕಡೆ ಉದ್ದ ಮೀಸೆ ಇದ್ದುದರಿಂದ ನಾನದನ್ನು ಚಾಚಾ ಎನ್ನುತ್ತಿದ್ದೆ. ಸರ್ದಾರನ ಕೋಳಿ ಅಂಗಡಿಯಲ್ಲಿ ಉಳಿದ ಕರುಳು ಒಯ್ದು, ದಂಡೆಯ ಬಂಡೆಗೆ ತಾಟು ಬಡಿದರೆ ಸಾಕು, ಚಾಚಾ ಮೇಲೆ ಬರುತ್ತಿತ್ತು. ಬೇರೆ ಯಾರು ಬಡಿದರೂ ಊಹೂಂ! ಸರ್ದಾರನೂ ತಾಟು ನೆಗ್ಗುವಷ್ಟು ಬಡಿದು ನೋಡಿದ್ದಾನೆ. ಗಂಡ ಸತ್ತ ಮೇಲೆ ನನಗಾಗಿ ಕಾಯುತ್ತಿದ್ದ ಜೀವ ಅದೊಂದೇ. ನಗುವವರು ನಗಲಿ.

ಹೋದ ತಿಂಗಳು ಪುಣೆಯಿಂದ ಇಬ್ಬರು ಬಂದರು. ದೊಡ್ಡ ಮೀನು ಹುಡುಕಿಕೊಂಡು ನದಿ ನದಿ ಸುತ್ತುವವರು. ಗಾಳ ಹಾಕಿ ಹಿಡಿಯುವುದು, ಫೋಟೋ ತೆಗೆದು ಮತ್ತೆ ನೀರಿಗೆ ಬಿಡುವುದು, ಇದೇ ಅವರ ಶೋಕಿ. ಸರ್ದಾರ ಅವರನ್ನು ನೇರ ನನ್ನ ಮನೆಗೆ ಕರೆತಂದ.

“ನಾ ಕರ್ಯಂಗಿಲ್ಲ,” ಎಂದೆ. “ಗಾಳ ಚುಚ್ಚಿದ್ರ ಅದಕ್ಕ ನೋವಾಗಂಗಿಲ್ಲೇನು?”

“ಒಂದು ಗಳಿಗಿ, ಆಪಾ. ಫೋಟೋ ಆತಂದ್ರ ನನ್ನ ಕೈಯಿಂದನೇ ಬಿಡ್ತೇನಿ. ಅಮ್ಮೀ ಕಸಮ್.”

ಸತ್ತ ತಾಯಿಯ ಆಣೆ! ತಾಟು ಹಿಡಿದು ಹೊರಟೆ.

ಚಾಚಾ ಬಂತು. ಪಾಪ, ಕರುಳೆಂದು ಗಾಳ ನುಂಗಿತು. ಪುಣೆಯವರು ಅದನ್ನು ಕೂಸಿನ ಹಾಗೆ ಎತ್ತಿಕೊಂಡು ಫೋಟೋ ತೆಗೆದರು, ಗಾಳ ಬಿಡಿಸಿದರು. ಮೀನು ಸುಸ್ತಾಗಿತ್ತು. ಸರ್ದಾರ ಅದನ್ನು ಹಿಡಿದುಕೊಂಡು ಎದೆಮಟ್ಟದ ನೀರಿಗಿಳಿದ. “ದಮ್ ಬಂದಕೂಡ್ಲೆ ಬಿಡ್ತೇನಿ, ನೀವೆಲ್ಲ ಹೋಗ್ರಿ,” ಎಂದ. ಅವರು ಕೈಮುಗಿದು ಕಾರು ಹತ್ತಿದರು. ನಾನೂ ನಂಬಿ ಮನೆಗೆ ಬಂದೆ.

ಮರುದಿನ ಅವನ ಮಗಳು ಫರಹತಳ ನಿಶ್ಚಯದ ಊಟ. ಬೀಗರೆಲ್ಲ ಉಂಡೆದ್ದ ಮೇಲೆ ನಾನು ಕೂತೆ. ತಮ್ಮನ ಹೆಂಡತಿ ಜಸ್ಮೀನ ಮೀನಿನ ಸಾರು ಬಡಿಸಿದಳು. ಹುಣಸೆಹುಳಿ, ಬೆಳ್ಳುಳ್ಳಿ ಹದವಾಗಿ ಬಿದ್ದಿತ್ತು. ಇನ್ನೊಂದು ಸಲವೂ ಹಾಕಿಸಿಕೊಂಡೆ.

“ತಲಿ ಯಾ ಪಾತೇಲ್ಯಾಗೂ ಹಿಡೀಲಿಲ್ರೀ ಆಪಾ,” ಎಂದಳು ಜಸ್ಮೀನ. “ಬರೇ ಮೀಸಿನೇ ಮೊಳ ಉದ್ದ!”

ಕೈಯಲ್ಲಿದ್ದ ತುತ್ತನ್ನು ತಾಟಿಗೆ ಹಾಕಿ ಎದ್ದೆ. ಸರ್ದಾರ ಬೀಗರಿಗೆ ಪಾನ್ ಕೊಡುತ್ತಿದ್ದ. ಎಂಜಲು ಕೈಯಲ್ಲೇ ಹೋಗಿ ಅವನ ಕಾಲರ್ ಹಿಡಿದೆ.

“ಬೀಗರ ಮುಂದ ಇಜ್ಜತ್ ಕಳೀಬ್ಯಾಡ ಆಪಾ,” ಎಂದು ಪಿಸುಗುಟ್ಟಿದ. “ದೊಡ್ಡ ಮೀನ ಉಣ್ಣಸ್ತೇನಿ ಅಂತ ಅವರಿಗೆ ಮಾತು ಕೊಟ್ಟಿದ್ದೆ.”

“ನನಗ ಕೊಟ್ಟಿದ್ದು ಮಾತಲ್ಲೇನೋ ಹರಾಮಖೋರ? ಅದು ನಿಮ್ಮ ಗಾಳ ನಂಬಿ ಬಂದಿದ್ದಿಲ್ಲ, ನನ್ನ ನಂಬಿ ಬಂದಿತ್ತು. ನನ್ನ ಕೈಲೇ ಕರಿಸಿ, ನನಗೇ ತಿನಿಸಿದ್ಯಲ್ಲೋ!”

ಬೀಗರು ನೋಡುತ್ತಿದ್ದರು. ಅವರಿಗಾಗಿ ಅವನು ಹಲ್ಲು ಕಿರಿದ.

“ಅದೆಲ್ಲ ಇರ್ಲಿ ಆಪಾ, ರುಚಿ ಇತ್ತೋ ಇಲ್ಲೋ ಹೇಳು.”

ರುಚಿ ಇತ್ತು. ಅದಕ್ಕೇ ಅವನ ಕೆನ್ನೆಗೆ ಬಾರಿಸಿದೆ.