ರೋಗಿಗೇ ಮೊದಲು ಹೇಳಿ

"ಇಲ್ಲೇ ಮಕ್ಕಳ ಕೂಟದ ಹತ್ರ ಬಂದಿದ್ವಿ ಆಂಟಿ, ಹಾಗೇ ನಿಮ್ಮನ್ನ ನೋಡ್ಕೊಂಡು ಹೋಗೋಣ ಅಂತ," ಎಂದು ಯಶಶ್ರೀ ಬಾಗಿಲಲ್ಲಿ ಚಪ್ಪಲಿ ಬಿಡುತ್ತಾ ಹೇಳಿದಾಗ ನನಗೆ ಖುಷಿಯೇ ಆಯಿತು. ಜೊತೆಗೆ ಶರಣ್ಯ ಇದ್ದಳು. ಇಬ್ಬರೂ ನಮ್ಮ ಸಂಸ್ಥೆಯ ಸ್ವಯಂಸೇವಕಿಯರು, ನಾನೇ ತರಬೇತಿ ಕೊಟ್ಟ ಹುಡುಗಿಯರು. ಕಾಫಿ ಬೆರೆಸೋಣ ಎಂದು ಎದ್ದರೆ, "ನೀವು ಕೂತ್ಕೊಳಿ ಆಂಟಿ, ನಾನು ಮಾಡ್ತೀನಿ," ಎಂದು ಶರಣ್ಯ ಅಡುಗೆಮನೆಗೆ ನಡೆದೇಬಿಟ್ಟಳು. ಯಶಶ್ರೀ ಎದುರಿನ ಸೋಫಾ ಬಿಟ್ಟು ನನ್ನ ಪಕ್ಕಕ್ಕೆ ಬಂದು ಕೂತಳು. ಕೈಗಡಿಯಾರ ಬಿಚ್ಚಿ ಬ್ಯಾಗಿಗೆ ಹಾಕಿದಳು. "ಈಗೀಗ ಏನು ತಿನ್ಬೇಕು ಅನ್ಸತ್ತೆ ಆಂಟಿ?" ಎಂದಳು.

ನಾನು ತಿರುಗಿ ಅವಳ ಮುಖ ನೋಡಿದೆ.

ಅವಳು ಕೇಳಿದ್ದರಲ್ಲಿ ತಪ್ಪೇನಿಲ್ಲ. ಆದರೆ ಹಾಗೆ ಕೇಳಬೇಕೆಂದು ಅವಳಿಗೆ ಹೇಳಿಕೊಟ್ಟವಳು ನಾನು. ಇನ್ನು ಗುಣವಾಗುವುದಿಲ್ಲ ಎಂದು ಡಾಕ್ಟರು ಹೇಳಿದವರ ಮನೆಗೆ ನಮ್ಮವರು ಮೊದಲ ಸಲ ಹೋಗುವ ರೀತಿ ಅದು. ಈ ಕಡೆ ಏನೋ ಕೆಲಸ ಇತ್ತು, ಹಾಗೇ ಬಂದ್ವಿ ಅನ್ನಿ. ಎದುರಿಗೆ ಕೂರಬೇಡಿ, ವಿಚಾರಣೆ ಮಾಡಿದ ಹಾಗಿರುತ್ತೆ, ಪಕ್ಕದಲ್ಲಿ ಕೂರಿ. ಗಡಿಯಾರ ನೋಡಬೇಡಿ. ಹೇಗಿದೀರಿ ಅಂತ ಮಾತ್ರ ಕೇಳಬೇಡಿ, ಏನು ತಿನ್ನಬೇಕು ಅನ್ಸತ್ತೆ ಅಂತ ಕೇಳಿ. ಬೇರೆ ಯಾರ ಮನೆಗೂ ನಾವು ಹೀಗೆ ಹೋಗುವುದಿಲ್ಲ.

"ಯಾರಮ್ಮ ಕಳಿಸಿದ್ದು ನಿಮ್ಮನ್ನ?" ಎಂದೆ.

ಯಶಶ್ರೀಯ ಮುಖ ಬಿಳಿಚಿಕೊಂಡಿತು. "ಸುಪ್ರಜಾ ಮೇಡಂ... ಆಂಟಿ, ನಿಮಗೆ ಗೊತ್ತಿಲ್ವಾ?"

ಪಾಪ, ಹುಡುಗಿ ಅಳುವುದಕ್ಕೇ ಶುರುಮಾಡಿದಳು. ಇಬ್ಬರನ್ನೂ ಸಮಾಧಾನ ಮಾಡಿ ಕಳಿಸಿದೆ. ನೋಡಿ ನನ್ನ ಹಣೆಬರಹ, ಅಲ್ಲಿ ಕೂಡ ಸಮಾಧಾನ ಮಾಡಬೇಕಾದವಳು ನಾನೇ!

ಸುಪ್ರಜಾ ಯಾರು ಅಂತ ಹೇಳಬೇಕು. ಬಸವನಗುಡಿಯಲ್ಲಿ ತನ್ನ ಮನೆಯ ಮಹಡಿಯ ಮೇಲೆ ಈ ಸಂಸ್ಥೆ ಕಟ್ಟಿದವಳು. ಅವಳ ಅಮ್ಮ ಕ್ಯಾನ್ಸರಿನಲ್ಲಿ ಹೋದರು. ತಮಗೆ ಏನಾಗಿದೆ ಎಂದು ಕೊನೆಯವರೆಗೂ ಆಕೆಗೆ ಯಾರೂ ಹೇಳಲಿಲ್ಲ, ಅಲ್ಸರ್ ಎಂದೇ ನಂಬಿಸಿದ್ದರು. ಆ ಸಂಕಟಕ್ಕೇ ಸಂಸ್ಥೆ ಹುಟ್ಟಿದ್ದು. ನನ್ನ ಸ್ತನದ ಆಪರೇಷನ್ ಆದ ಮೇಲೆ ನಾನೂ ಸೇರಿಕೊಂಡೆ. "ರೋಗಿಗೇ ಮೊದಲು ಹೇಳಿ" ಎಂದು ಫಲಕ ಬರೆಸಿಕೊಂಡು ಎಷ್ಟು ಆಸ್ಪತ್ರೆ ಸುತ್ತಿದ್ದೇವೆ, ಎಷ್ಟು ಡಾಕ್ಟರುಗಳ ಹತ್ತಿರ ಬೈಸಿಕೊಂಡಿದ್ದೇವೆ ನಾವಿಬ್ಬರು! ಆರೋಗ್ಯ ಇಲಾಖೆಗೆ ಮನವಿ ಕೊಡಲು ಹೋಗಿ ಬಿಸಿಲಲ್ಲಿ ನಿಂತು, ಆಮೇಲೆ ವಿಶ್ವೇಶ್ವರಪುರದ ತಿಂಡಿ ಬೀದಿಯಲ್ಲಿ ಒಂದೇ ತಟ್ಟೆಯಲ್ಲಿ ಅವರೆಬೇಳೆ ದೋಸೆ ತಿಂದವರು. ಒಡಹುಟ್ಟಿದವರಿಗಿಂತ ಹೆಚ್ಚಾಗಿ ನಂಬಿದ್ದೆ ಅವಳನ್ನ.

ನಮ್ಮ ಯಜಮಾನರನ್ನು ಬೀದಿಯಲ್ಲೆಲ್ಲ ಶೀನಣ್ಣ ಅಂತಾರೆ. ಸುಳ್ಳು ಹೇಳಲು ಬಾರದ ಮನುಷ್ಯ. ಹಾಗಂತ ತಿಳಿದಿದ್ದೆ. ತರಕಾರಿ ಚೀಲ ಹಿಡಿದು ಒಳಗೆ ಬಂದವರನ್ನು ಅಲ್ಲೇ ನಿಲ್ಲಿಸಿ ಕೇಳಿದೆ.

"ಬೆನ್ನುನೋವಿಗೆ ಅಂತ ಮಾಡಿಸಿದ್ರಲ್ಲ, ಆ ಸ್ಕ್ಯಾನ್ ರಿಪೋರ್ಟ್‌ನಲ್ಲಿ ಏನಿತ್ತು?"

ಚೀಲ ಕೈಯಿಂದ ಜಾರಿತು. ಕೂತರು, ಎದ್ದರು, ಮತ್ತೆ ಕೂತರು.

"ಮೂಳೆಗೆ ಬಂದಿದೆ ಕಣೆ. ಲಿವರ್‌ಗೂ ಸ್ವಲ್ಪ."

ರಿಪೋರ್ಟ್ ತಂದವರು ಇವರೇ, ಬೆನ್ನುನೋವು ವಯಸ್ಸಿನದು ಎಂದಿದ್ದರು. ಹೊಸ ಮಾತ್ರೆ ಯಾಕೆ ಎಂದರೆ, ಹಳೇ ಕಂಪನಿಯವರು ನಿಲ್ಲಿಸಿಬಿಟ್ಟಿದಾರೆ ಎಂದಿದ್ದರು. ನಾನೂ ನಂಬಿದೆ, ಬೇರೆಯವರ ಮನೆಯಲ್ಲಾಗಿದ್ದರೆ ಬಾಗಿಲಲ್ಲೇ ವಾಸನೆ ಹಿಡಿಯುತ್ತಿದ್ದವಳು.

"ಕೀಮೋ ಕೊಡ್ಬಹುದು, ಇಲ್ಲ ಬರೀ ಮಾತ್ರೇಲಿ ತಳ್ಳಬಹುದು ಅಂದ್ರು ಡಾಕ್ಟ್ರು. ಮಾತ್ರೆ ಸಾಕು ಅಂದ್ವಿ."

"ಅಂದ್ವಿ ಅಂದ್ರೆ? ಯಾರ್ಯಾರು?"

"ನಾನು ಹೇಳ್ತೀನಿ ಅಂತಲೇ ಇದ್ದೆ, ನಿನ್ನಾಣೆಗೂ. ಧೈರ್ಯ ಸಾಲದೆ ಸುಪ್ರಜಾನ ಕರ್ಕೊಂಡು ಹೋದೆ, ಅವಳಿದ್ರೆ ನಿನಗೆ ಹೇಳೋಕೆ ಸುಲಭ ಅಂತ. ಅವಳೇ ಬೇಡ ಅಂದ್ಲು. 'ಸದ್ಯಕ್ಕೆ ಬೇಡ ಶೀನಣ್ಣ' ಅಂದ್ಲು."

ಮೈಯೆಲ್ಲ ಉರಿದುಹೋಯಿತು. ಇವರ ಮೇಲಿನ ಸಿಟ್ಟು ಬೇರೆ. ಹೆದರಿದ ಗಂಡಸು, ಹೆದರಿದ ಹಾಗೇ ನಡೆದುಕೊಂಡ. ಆದರೆ ಅವಳು? ನನ್ನ ಮೈ, ನನ್ನ ಮೂಳೆ, ಅದಕ್ಕೆ ಏನು ಮಾಡಬೇಕು ಎಂದು ಅವಳು ಕೂತು ತೀರ್ಮಾನ ಮಾಡಿದಳೇ? ಎಲಾ ಇವಳ!

ಯಶಶ್ರೀ ಹೋಗಿ ಹೇಳಿರಬೇಕು, ಸಂಜೆಯೊಳಗೆ ಸುಪ್ರಜಾ ಬಂದಳು. ಬಂದವಳೇ ನನ್ನನ್ನು ತಬ್ಬಿಕೊಳ್ಳಲು ಕೈ ಚಾಚಿದಳು. ನಾನು ಹಿಂದಕ್ಕೆ ಸರಿದೆ.

"ಯಾವಾಗಿಂದ ಗೊತ್ತು ನಿನಗೆ?"

"ದೀಪಾವಳಿಗೆ ಮುಂಚೆಯಿಂದ."

ದೀಪಾವಳಿ ಕಳೆದು, ಸಂಕ್ರಾಂತಿಯೂ ಕಳೆದಿತ್ತು. ಅಷ್ಟು ದಿನವೂ ಗುರುವಾರದ ರೋಗಿಗಳ ಗುಂಪಿನಲ್ಲಿ ನನ್ನನ್ನು ಮುಂದಿನ ಕುರ್ಚಿಯಲ್ಲಿ ಕೂರಿಸಿದ್ದಳು. "ಜಾನಕಮ್ಮನ್ನ ನೋಡಿ, ಏನಾದ್ರೂ ವಾಪಸ್ ಬಂತಾ ಅವರಿಗೆ?" ಎಂದು ತಾನೇ ಹೇಳುತ್ತಿದ್ದಳು. ಕೂದಲು ಉದುರಿದ ಹೆಂಗಸರು ನನ್ನ ಕೈ ಹಿಡಿದುಕೊಂಡು, ನಿಮ್ಮ ಹಾಗೇ ಆಗ್ತೀವಾ ಅಕ್ಕಾ ಎಂದು ಕೇಳಿದರೆ, ಖಂಡಿತ ಆಗ್ತೀರಿ ಎಂದಿದ್ದೆ ನಾನು. ಎದೆ ತಟ್ಟಿಕೊಂಡು ಹೇಳಿದ್ದೆ. ಅವಳು ಪಕ್ಕದಲ್ಲೇ ನಿಂತು ನಗುತ್ತಿದ್ದಳು.

"ನನ್ನ ಬಾಯಲ್ಲಿ ಸುಳ್ಳು ಹೇಳಿಸ್ದೆಯಲ್ಲೇ. ಅದೂ ಅವರಿಗೆ. ನಿಮ್ಮಮ್ಮನಿಗೆ ಆಗಿದ್ದನ್ನ ನನಗೂ ಮಾಡ್ದೆಯಲ್ಲೇ!"

"ನಿನ್ನ ಕಳ್ಕೊಳೋ ಧೈರ್ಯ ಇರ್ಲಿಲ್ಲ ಕಣೇ ಜಾನಕಿ."

ಆ ಮಾತಿಗೆ ನಾನು ಒಂದು ಕ್ಷಣ ಕರಗಿದೆ, ಸುಳ್ಳು ಯಾಕೆ ಹೇಳಲಿ. ಕಣ್ಣು ತುಂಬಿಬಂತು. ಆಯಿತು, ಆಗಿದ್ದು ಆಯಿತು ಅನ್ನಿಸಿತು. ಸೆರಗಿನಲ್ಲಿ ಮುಖ ಒರೆಸಿಕೊಂಡು ಹೇಳಿದೆ.

"ಈ ಗುರುವಾರ ನಾನೇ ಗುಂಪಿನಲ್ಲಿ ಹೇಳ್ತೀನಿ. ವಾಪಸ್ ಬಂದಿದೆ ಅಂತ. ನೀನು ನನ್ನ ಪಕ್ಕದಲ್ಲಿ ಇರು, ಸಾಕು."

ಸುಪ್ರಜಾ ನಮ್ಮ ಯಜಮಾನರ ಕಡೆ ನೋಡಿದಳು, ಬಾಗಿಲ ಕಡೆ ನೋಡಿದಳು.

"ಗುರುವಾರ ಬರ್ಬೇಡ ಕಣೇ."

"ಯಾಕೆ?"

"ಹೊಸಬರು ಜಾಸ್ತಿ ಇದಾರೆ. ಎಲ್ಲರೂ ನಿನ್ನ ನೋಡ್ಕೊಂಡೇ ಧೈರ್ಯ ತಗೊಂಡಿರೋದು. ನೀನೇ ಹೀಗೆ ಅಂದ್ರೆ ಟ್ರೀಟ್‌ಮೆಂಟ್ ಬಿಟ್ಟು ಓಡ್ತಾರೆ. ಇನ್ಮೇಲೆ ನಿನಗೆ ಏನು ಬೇಕೋ ಎಲ್ಲಾ ಮನೆಗೇ ಬಂದು ಮಾಡ್ತೀವಿ. ಯಶಶ್ರೀ ವಾರಾವಾರ ಬರ್ತಾಳೆ."

ಹಾಗಾದರೆ ಇದಕ್ಕೇ ಆ ಹುಡುಗಿಯರನ್ನು ಕಳಿಸಿದ್ದು. ನನಗೆ ಹೇಳುವುದಕ್ಕಲ್ಲ, ನನ್ನನ್ನು ಮೆಲ್ಲಗೆ ಅಲ್ಲಿಂದ ಎತ್ತಿ ಮನೆಯಲ್ಲಿ ಕೂರಿಸುವುದಕ್ಕೆ. ಕಾಯಿಲೆ ಮೂಳೆಗೆ ಇಳಿದಿದೆ ಎಂದು ಕೇಳಿದಾಗ ಬಾರದ ಅಳು ಆಗ ಬಂತು. ಬಿಕ್ಕಿ ಬಿಕ್ಕಿ ಅತ್ತೆ. ಸುಪ್ರಜಾ ಎದ್ದು ಬಂದು ನನ್ನ ಪಕ್ಕದಲ್ಲಿ ಕೂರಲು ಹೋದಳು.

"ಮುಟ್ಬೇಡ," ಎಂದೆ. "ಗುರುವಾರ ನಾನು ಬರ್ತೀನಿ. ಅದು ಕಾಯಿಲೆಯವರ ಗುಂಪು, ನನಗೆ ಕಾಯಿಲೆ ಇದೆ. ನಿನಗೇನೇ ಕೆಲಸ ಅಲ್ಲಿ?"